ನಾನು ಧೈರ್ಯ ಎಂದುಕೊಂಡದ್ದು

ಎರಡನೇ ಮಹಾಯುದ್ಧ ನಡೆಯುತ್ತಿದ್ದ ಕಾಲ. ಹಲಸೂರಿನ ಒಂದು ಹೆಣ್ಣುಮಕ್ಕಳ ಶಾಲೆಯಲ್ಲಿ ನಾನು ಭೂಗೋಳ ಕಲಿಸುತ್ತಿದ್ದೆ. ನನಗಾಗ ಇಪ್ಪತ್ತಾರು ವರ್ಷ. ದಂಡುಪ್ರದೇಶದ ರಸ್ತೆಗಳ ತುಂಬ ಸೈನಿಕರ ಲಾರಿಗಳು. ಗಂಡಸರು ಯುದ್ಧದ ಕೆಲಸಗಳಿಗೆ ಹೋಗಿದ್ದರಿಂದ, ಅದುವರೆಗೆ ಹೆಣ್ಣುಮಕ್ಕಳನ್ನು ಹೊಸ್ತಿಲು ದಾಟಿಸದಿದ್ದ ಕಚೇರಿಗಳೂ ಓದಿದ ಹುಡುಗಿಯರಿದ್ದರೆ ಕಳಿಸಿ ಎಂದು ಶಾಲೆಗೆ ಕಾಗದ ಬರೆಯತೊಡಗಿದವು. ಮುಖ್ಯೋಪಾಧ್ಯಾಯಿನಿ ಆ ಕಾಗದಗಳನ್ನೆಲ್ಲ ತಂದು ನನ್ನ ಮೇಜಿನ ಮೇಲಿಟ್ಟರು.

"ಕೊನೇ ಕ್ಲಾಸಿನ ಹುಡುಗೀರು ನಿಮಗೆ ಚೆನ್ನಾಗಿ ಗೊತ್ತಲ್ಲ. ಯಾರಿಗೆ ಯಾವ ಕೆಲಸ ಹೊಂದುತ್ತೋ ನೋಡಿ ಕಳಿಸ್ರಿ" ಎಂದರು.

ನಾನು ಹಿಗ್ಗಿಹೋದೆ. ಗಟ್ಟಿ ದನಿಯವಳನ್ನು ಟೆಲಿಫೋನಿಗೆ, ಬೆರಳು ಚುರುಕಾದವಳನ್ನು ಟೈಪಿಂಗಿಗೆ ಕಳಿಸಿದೆ. ಒಬ್ಬೊಬ್ಬರಿಗೂ ಐದು ನಿಮಿಷ ಸಾಕಾಗುತ್ತಿತ್ತು. ಮುಖ ನೋಡಿದರೆ ಹುಡುಗಿ ಏನೆಂದು ತಿಳಿಯುತ್ತದೆ ಅಂತ ನಂಬಿದ್ದೆ.

ಅವರಲ್ಲಿ ಮರ್ಫಿ ಟೌನಿನ ಹುಡುಗಿಯೊಬ್ಬಳಿದ್ದಳು. ಅವಳಪ್ಪ ಬೆನ್ಸನ್ ಟೌನಿನ ಒಂದು ಬಂಗಲೆಯಲ್ಲಿ ಅಡುಗೆಯವನು. ಮನೆಯಲ್ಲಿ ತಮಿಳು, ಬೀದಿಯಲ್ಲಿ ದಖನಿ ಉರ್ದು, ಶಾಲೆಯಲ್ಲಿ ಕನ್ನಡ. ಮೂರರಲ್ಲೂ ಅವಳು ಮಾತಾಡುತ್ತಿದ್ದುದು ಕಡಿಮೆ. ಆ ವರ್ಷ ತರಗತಿಯ ಕಿಟಕಿಯ ಗಾಜು ಒಡೆದು ಇನ್ನೊಬ್ಬಳ ಅಂಗೈ ಸೀಳಿತು. ನೆಲವೆಲ್ಲ ರಕ್ತ. ಹುಡುಗಿಯರು ಕಿರುಚಿಕೊಂಡು ಹೊರಗೋಡಿದರು. ನಾನು ಒಳಗೆ ಬಂದಾಗ ಇವಳೊಬ್ಬಳೇ ಗಾಯವಾದವಳ ಪಕ್ಕ ನಿಂತಿದ್ದಳು. ಇಬ್ಬರ ಕೈಗಳೂ ಒಂದಕ್ಕೊಂದು ಬಿಗಿದುಕೊಂಡಿದ್ದವು. ಇವಳ ಮುಖದಲ್ಲಿ ಒಂದು ಗೆರೆಯೂ ಅಲುಗಿರಲಿಲ್ಲ.

ಎಂಥ ಧೈರ್ಯ ಎಂದುಕೊಂಡೆ.

ಇಲ್ಲಿ ನನ್ನದೊಂದು ವಿಷಯ ಹೇಳಲೇಬೇಕು. ಹದಿನೇಳರಲ್ಲಿ ನನಗೆ ನರ್ಸ್ ಆಗುವ ಆಸೆಯಿತ್ತು. ನಮ್ಮ ತಂದೆ ಆ ಮಾತನ್ನು ಮುಗಿಸಲೂ ಬಿಟ್ಟಿರಲಿಲ್ಲ. ಯುದ್ಧದ ಗಾಯಾಳುಗಳಿಗಾಗಿ ತೆರೆದಿದ್ದ ಒಂದು ಆಸ್ಪತ್ರೆಯಿಂದ, ತರಬೇತಿಗೆ ಹುಡುಗಿಯರು ಬೇಕೆಂದು ಕಾಗದ ಬಂದಾಗ ನನಗೆ ಬೇರೆ ಯಾರ ಹೆಸರೂ ಹೊಳೆಯಲಿಲ್ಲ. ಅವಳನ್ನು ಕರೆದು ಹೇಳಿದೆ. ಅವಳು ತಲೆ ತಗ್ಗಿಸಿ ನಿಂತಳು.

"ಒಪ್ಪಿಗೆ ತಾನೇ?"

"ನೀವು ಹೇಳಿದ್ರೆ ಸರಿ ಟೀಚರ್."

ಅವಳಪ್ಪ ಬಂಗಲೆಯ ಬಿಳಿ ಕೋಟಿನಲ್ಲೇ ಶಾಲೆಗೆ ಬಂದು ಕೈಮುಗಿದ. "ನಮಗೇನ್ ಗೊತ್ತಾಗುತ್ತಮ್ಮಾ. ಓದ್ಸಿದೋರು ನೀವು. ನಿಮ್ಮ ಮಾತೇ ನಮಗೆ ದೊಡ್ಡದು" ಎಂದ. ಆ ಮಾತು ಕೇಳಿ ನನಗೆ ಹೆದರಿಕೆಯಾಗಬೇಕಿತ್ತು. ಸಂತೋಷವಾಯಿತು.

ಎಂಟು ತಿಂಗಳ ಮೇಲೆ, ಒಂದು ಭಾನುವಾರ ಮಧ್ಯಾಹ್ನ ಅವಳು ನಮ್ಮ ಮನೆಗೆ ಬಂದಳು. ನಾನು ಅಂಗಳದಲ್ಲಿ ಅಕ್ಕಿ ಆರಿಸುತ್ತಿದ್ದೆ. ಗುರುತೇ ಸಿಗಲಿಲ್ಲ, ಅಷ್ಟು ಬಡವಾಗಿದ್ದಳು. ಒಳಗೆ ಕರೆದರೂ ಬರದೆ ಜಗಲಿಯ ಮೇಲೆ ಕೂತಳು.

"ಕೆಲ್ಸ ಬಿಟ್ಬಿಟ್ಟೆ ಟೀಚರ್" ಎಂದಳು.

ಯಾಕೆಂದು ಕೇಳಿದೆ. ಅವಳು ಹೇಳುತ್ತಾ ಹೋದಳು. ಅಷ್ಟು ಮಾತನ್ನು ಅವಳು ಒಟ್ಟಿಗೆ ಆಡಿದ್ದನ್ನು ನಾನು ಕೇಳಿದ್ದು ಅದೇ ಮೊದಲು. ಬರ್ಮಾ ಕಡೆಯಿಂದ ಬಂದಿದ್ದ ಒಬ್ಬ ಸಿಪಾಯಿ. ಅವಳಿಗಿಂತ ಒಂದೆರಡು ವರ್ಷ ದೊಡ್ಡವನಿರಬಹುದು. ಹೊಟ್ಟೆಗೆ ಕಟ್ಟಿದ್ದ ಪಟ್ಟಿ ರಕ್ತದಿಂದ ಒದ್ದೆಯಾಗುತ್ತಿರುವುದು ಅವನಿಗೇ ಮೊದಲು ತಿಳಿಯಿತು. ತಮಿಳಿನಲ್ಲಿ ಕರೆದ. ಯಾರನ್ನಾದರೂ ಕರೆಸು ಅಕ್ಕಾ ಎಂದ. ಇವಳು ಅವನ ಮಂಚದ ತುದಿಯಲ್ಲಿ ನಿಂತಿದ್ದಳು.

"ಕಾಲು ಬರ್ಲಿಲ್ಲ ಟೀಚರ್. ಬಾಯೂ ಬರ್ಲಿಲ್ಲ. ಅವ್ನು ಕರೀತಾನೇ ಇದ್ದ. ನಾನು ನೋಡ್ತಾ ನಿಂತಿದ್ದೆ. ಆಮೇಲೆ ಬೇರೆ ನರ್ಸ್ ಬಂದ್ರು. ಸಂಜೆ ಹೊತ್ಗೆ ಹೋಗ್ಬಿಟ್ಟ."

"ಡಾಕ್ಟರು ಏನಂದ್ರು?"

"ಅವನು ಹೇಗಿದ್ರೂ ಉಳೀತಿರ್ಲಿಲ್ಲ ಅಂದ್ರು. ಯಾರೂ ಬೈಲಿಲ್ಲ. ಬೈದಿದ್ರೆ ಚೆನ್ನಾಗಿತ್ತು."

"ನೀನು ಹೆದರೋ ಹುಡುಗಿ ಅಲ್ಲವಲ್ಲ ಕಣೇ. ಅವತ್ತು ಗಾಜು ಒಡೆದಾಗ ಅವಳ ಕೈ ಹಿಡಿದು ನಿಂತಿದ್ದೆಯಲ್ಲ" ಎಂದೆ.

ಅವಳು ಮೊದಲ ಸಲ ನನ್ನ ಮುಖ ನೋಡಿದಳು.

"ನಾನು ಹಿಡ್ಕೊಂಡಿರ್ಲಿಲ್ಲ ಟೀಚರ್. ಅವಳೇ ನನ್ನ ಕೈ ಹಿಡ್ಕೊಂಡಿದ್ಲು. ನಂಗೆ ಬಿಡಿಸ್ಕೊಂಡು ಓಡೋಕೆ ಆಗ್ಲಿಲ್ಲ. ಭಯ ಆದ್ರೆ ನಾನು ಹಂಗೇ ನಿಂತ್ಬಿಡ್ತೀನಿ, ಚಿಕ್ಕ ವಯಸ್ಸಿಂದ್ಲೂ."

"ಆಗಲೇ ಯಾಕೆ ಹೇಳಲಿಲ್ಲ?"

"ನೀವು ಕೇಳ್ಲಿಲ್ಲ."

ಸಿಟ್ಟಿನಿಂದ ಹೇಳಿದ ಮಾತಲ್ಲ ಅದು. ಇದ್ದದ್ದನ್ನು ಇದ್ದ ಹಾಗೆ ಹೇಳಿದಳು. ನೀರು ಕೇಳಿ ಕುಡಿದು ಎದ್ದು ಹೋದಳು. ಮೊರದಲ್ಲಿದ್ದ ಅಕ್ಕಿ ಹಾಗೇ ಉಳಿಯಿತು.

ಮರುದಿನ ಶಾಲೆಯಲ್ಲಿ ಹಳೆಯ ಉತ್ತರಪತ್ರಿಕೆಗಳ ಕಟ್ಟನ್ನು ಬಿಚ್ಚಿ ಅವಳದನ್ನು ಹುಡುಕಿದೆ. ಅವಳು ಬರೆದ ನಕ್ಷೆಗಳಿದ್ದವು. ನದಿಯ ಗೆರೆ ಹುಟ್ಟಿದಲ್ಲಿಂದ ಸಮುದ್ರದವರೆಗೆ ಎಲ್ಲಿಯೂ ನಡುಗದೆ, ಎಲ್ಲಿಯೂ ದಪ್ಪವಾಗದೆ ಹರಿದಿತ್ತು. ಪಕ್ಕದಲ್ಲಿ ನನ್ನದೇ ಕೆಂಪು ಶಾಯಿಯ ಪೂರ್ತಿ ಅಂಕ. ಮೂರು ವರ್ಷ ಅಂಕ ಕೊಟ್ಟಿದ್ದೆ. ನಿನಗೆ ಇದು ಇಷ್ಟವೇನಮ್ಮಾ ಎಂದು ಒಂದು ಸಲವೂ ಕೇಳಿರಲಿಲ್ಲ.

ಆಗ ಬ್ಲ್ಯಾಕ್‌ಪಲ್ಲಿ ಎನ್ನುತ್ತಿದ್ದ ಈಗಿನ ಶಿವಾಜಿನಗರದಲ್ಲಿ ಕಟ್ಟಡಗಳ ನಕ್ಷೆ ಮಾಡುವ ಒಂದು ಸಣ್ಣ ಕಚೇರಿಯಿತ್ತು. ಮೂಲ ನಕ್ಷೆಯ ಮೇಲೆ ಕೆಳಗಿನ ಗೆರೆ ಕಾಣುವಂಥ ತೆಳು ಬಟ್ಟೆ ಹಾಸಿ ಗೆರೆಗೆ ಗೆರೆ ಪ್ರತಿ ತೆಗೆಯುವವರು ಅಲ್ಲಿ ಬೇಕಿದ್ದರು. ನಾನು ನೇರ ಅವಳ ಮನೆಗೆ ಹೋದೆ. ಈ ಸಲ ಕಳಿಸುತ್ತೇನೆ ಎನ್ನಲಿಲ್ಲ. "ನೋಡಿಕೊಂಡು ಬರ್ತೀಯಾ? ಬೇಡ ಅನ್ನಿಸಿದ್ರೆ ಬೇಡ ಅನ್ನು" ಎಂದೆ.

ತುಂಬ ಹೊತ್ತು ಸುಮ್ಮನಿದ್ದಳು. ಆ ಮೌನ ಭಯವೋ ಯೋಚನೆಯೋ ನನಗೆ ತಿಳಿಯಲಿಲ್ಲ. ಕಾದೆ.

"ಅಲ್ಲಿ ಯಾರೂ ಕೂಗಲ್ವಾ ಟೀಚರ್?"

"ಇಲ್ಲ."

"ಹಾಗಾದ್ರೆ ಬರ್ತೀನಿ."

ಅವಳಿಗೆ ಕೆಲಸ ಹಿಡಿಸಿತು. ಒಂದೆರಡು ಸಲ ಹೋಗಿ ನೋಡಿದೆ. ಎತ್ತರದ ಸ್ಟೂಲಿನ ಮೇಲೆ ಕೂತು, ಉಸಿರು ಬಿಗಿಹಿಡಿದು ಗೆರೆ ಎಳೆಯುತ್ತಿದ್ದಳು. ಮೈ ಸ್ವಲ್ಪ ತುಂಬಿಕೊಂಡಿತ್ತು. ಅಲ್ಲಿನ ಯಜಮಾನರು ಇಂಥ ಕೈ ನಮಗೆ ಸಿಕ್ಕಿರಲಿಲ್ಲ ಎಂದರು. ಅದೇ ಕಚೇರಿಯಲ್ಲಿ ಬಹಳ ವರ್ಷ ಇದ್ದಳು. ಆ ಸಿಪಾಯಿಯ ಮಾತನ್ನು ಮತ್ತೆಂದೂ ಎತ್ತಲಿಲ್ಲ.

ಎತ್ತದಿದ್ದರೇನು, ಅವನು ನನ್ನ ಪಾಲಿಗೆ ಬಂದ. ಅವನ ಮುಖ ನಾನು ನೋಡಿಲ್ಲ, ಊರು ಯಾವುದೋ ಗೊತ್ತಿಲ್ಲ. ಆದರೂ ತರಗತಿಯಲ್ಲಿ ಪಾಠ ಮಾಡುತ್ತಿರುವಾಗ, ಹಲಸೂರು ಕೆರೆ ಏರಿಯ ಮೇಲೆ ನಡೆಯುವಾಗ, ಹಿಂದಿನಿಂದ ಯಾರೋ ಕರೆದಂತಾಗಿ ತಿರುಗುತ್ತಿದ್ದೆ. ಆ ಮಂಚದ ಪಕ್ಕ ಓಡಬಲ್ಲ ಹುಡುಗಿಯೊಬ್ಬಳು ನಿಂತಿರಬಹುದಿತ್ತು. ಅಲ್ಲಿ ಯಾರು ನಿಲ್ಲಬೇಕೆಂದು ಐದು ನಿಮಿಷದಲ್ಲಿ ತೀರ್ಮಾನಿಸಿದವಳು ನಾನು.

ಮುಂದಿನ ವರ್ಷ ಕೊನೇ ಕ್ಲಾಸಿನ ಒಬ್ಬೊಬ್ಬ ಹುಡುಗಿಯನ್ನೂ ಒಂದೊಂದು ಸಂಜೆ ಕೂರಿಸಿಕೊಂಡೆ. ಯಾವ ಕೆಲಸ ಮಾಡುವಾಗ ಹೊತ್ತು ಹೋದದ್ದೇ ತಿಳಿಯುವುದಿಲ್ಲ, ಭಯವಾದರೆ ಏನು ಮಾಡುತ್ತೀ ಎಂದೆಲ್ಲ ಕೇಳಿದೆ. ಇಷ್ಟು ನಿಧಾನವಾದರೆ ಜಾಗಗಳು ತುಂಬಿಹೋಗುತ್ತವೆ ಎಂದು ಮುಖ್ಯೋಪಾಧ್ಯಾಯಿನಿ ಗೊಣಗಿದರು. ಕೆಲವು ತುಂಬಿಯೂ ಹೋದವು.

ಅವರಲ್ಲೊಬ್ಬಳು, ಕೆ.ಆರ್. ಪುರದ ರೈತರ ಮನೆಯವಳು, ತಾನಾಗಿಯೇ ಬಂದು ನರ್ಸ್ ಆಗಬೇಕು ಎಂದಳು. ಬೇಡ ಎನ್ನಲು ನೂರು ಕಾರಣ ಹುಡುಕಿದೆ. ಅವಳು ನಕ್ಕುಬಿಟ್ಟಳು. "ನಮ್ ಹಟ್ಟೀಲಿ ಹಸು ಈಯೋವಾಗ ಕರು ಅಡ್ಡ ಸಿಕ್ಕಾಕ್ಕೊಂಡ್ರೆ ನಾನೇ ಕೈ ಹಾಕಿ ಎಳೆಯೋದು ಟೀಚರ್. ಭಯ ಆಗುತ್ತೆ. ಆದ್ರೂ ಕೈ ನಿಲ್ಲಲ್ಲ" ಎಂದಳು.

ಶಿಫಾರಸು ಪತ್ರ ಬರೆಯಲು ಕೂತೆ. ಎರಡು ಹಾಳೆ ಹರಿದುಹಾಕಿದೆ. ಮೂರನೆಯದಕ್ಕೆ ಮನಸ್ಸು ಗಟ್ಟಿಮಾಡಿ ಸಹಿ ಮಾಡಿಕೊಟ್ಟೆ. ಅವಳು ಒಳ್ಳೆಯ ನರ್ಸ್ ಆದಳು. ಅದು ನನಗೆ ಖಚಿತವಾಗುವವರೆಗೆ, ಎರಡು ವರ್ಷ, ಅಂಚೆಯವನು ನಮ್ಮ ಬಾಗಿಲಿಗೆ ಬಂದಾಗಲೆಲ್ಲ ಅವಳ ವಿಷಯ ಏನು ಬಂತೋ ಎಂದು ನಾನು ಒಳಗೇ ನಿಂತುಬಿಡುತ್ತಿದ್ದೆ.