ಅಳಿಸಿದ್ದು ನಾನು, ತಂದಿಟ್ಟದ್ದು ಯಾರು?

ದೆವ್ವ, ಮಾಟ, ಮೈಮೇಲೆ ಬರುವುದು, ಸತ್ತವರು ಕನಸಿನಲ್ಲಿ ಬಂದು ಹೇಳುವುದು, ಇವೆಲ್ಲ ಕೆಲಸವಿಲ್ಲದವರ ಕಟ್ಟೆ ಹರಟೆ ಎಂದು ನಾನು ಜೋರಾಗಿಯೇ ಹೇಳುತ್ತಿದ್ದೆ. ಯಾರಾದರೂ ಅಂಥ ಕಥೆ ಶುರುಮಾಡಿದರೆ ಅರ್ಧಕ್ಕೇ ತಡೆದು, 'ನೀನು ಕಣ್ಣಾರೆ ನೋಡಿದ್ಯಾ?' ಎಂದು ಕೇಳಿ ಬಾಯಿ ಮುಚ್ಚಿಸುತ್ತಿದ್ದೆ. ಈಗ ನಾನೇ ಒಂದು ಹೇಳಲು ಕೂತಿದ್ದೇನೆ. ಅದೇ ಪ್ರಶ್ನೆ ನನ್ನನ್ನು ಕೇಳಿದರೆ, ನಾನೂ ಇದನ್ನು ಕಣ್ಣಾರೆ ನೋಡಲಿಲ್ಲ. ನನ್ನ ಸಂಕಟವೇ ಅದು.

ಎರಡು ಸಾವಿರದ ಇಸವಿ ದಾಟಿ ಎರಡೋ ಮೂರೋ ವರ್ಷವಾಗಿತ್ತು. ಚಳ್ಳಕೆರೆಯಲ್ಲಿ ಒಂದು ರೂಮು ಮಾಡಿಕೊಂಡು ಎಣ್ಣೆ ಮಿಲ್ಲುಗಳ, ಅಂಗಡಿಗಳ ಕಂಪ್ಯೂಟರ್ ನೋಡಿಕೊಳ್ಳುತ್ತಿದ್ದೆ. ಕೆಲಸ ಚೆನ್ನಾಗಿ ಬರುತ್ತಿತ್ತು, ಕೋಪ ಮಾತ್ರ ಮೂಗಿನ ತುದಿಯಲ್ಲೇ ಇರುತ್ತಿತ್ತು. ಮೊಳಕಾಲ್ಮೂರಿನ ರೇಷ್ಮೆ ಸೀರೆ ವ್ಯಾಪಾರಿ ಗುರುಬಸಣ್ಣನವರ ಅಂಗಡಿಯ ಹಿಂದಿನ ಕೋಣೆಯಲ್ಲಿ ಇಮೇಲ್ ಸರ್ವರ್ ಕೂರಿಸಿದವನೂ ನಾನೇ. ಸರ್ವರ್ ಎಂದರೆ ದೊಡ್ಡ ಯಂತ್ರವೇನಲ್ಲ, ಹಳೆಯ ಒಂದು ಕಂಪ್ಯೂಟರ್. ದಿನಕ್ಕೆರಡು ಸಲ ಫೋನ್ ಲೈನಿನಿಂದ ಓಣಿಯವರ ಪತ್ರಗಳನ್ನೆಲ್ಲ ಎಳೆದುಕೊಂಡು ಅವರವರ ಪೆಟ್ಟಿಗೆಗೆ ಹಂಚುತ್ತಿತ್ತು. ಪತ್ರ ತರುವುದಕ್ಕೊಂದು, ಹಂಚುವುದಕ್ಕೊಂದು, ಬಿಚ್ಚಿ ತೋರಿಸುವುದಕ್ಕೊಂದು ಪ್ರೋಗ್ರಾಂ, ಹಗಲೂ ರಾತ್ರಿ ಓಡುತ್ತಲೇ ಇರುತ್ತವೆ. ಆದರೆ ಓಣಿಗೊಂದೇ ಒರಳುಕಲ್ಲು ಇದ್ದ ಹಾಗೆ, ಮೂರಕ್ಕೂ ಬೇಕಾದದ್ದು ಒಂದೇ ಲೈಬ್ರರಿ ಫೈಲು. ಅದನ್ನೇ ಹಂಚಿಕೊಂಡು ಬಳಸುತ್ತವೆ.

ನಾನು ಮಾಡಿದ ದಡ್ಡತನ ಇಷ್ಟು. ಆ ಫೈಲಿನ ಹೊಸ ಆವೃತ್ತಿ ಹಾಕಿ, ಡಿಸ್ಕಿನಲ್ಲಿ ಜಾಗ ಸಾಲದೆಂದು ಹಳೆಯದನ್ನು ಅಳಿಸಿ ಬಂದೆ. ವಾರವಿಡೀ ತಕರಾರಿಲ್ಲದೆ ಓಡಿತು. ಓಡುತ್ತಿರುವ ಪ್ರೋಗ್ರಾಂ ಒಮ್ಮೆ ಎತ್ತಿಕೊಂಡ ಫೈಲನ್ನು, ನೀವು ಅಳಿಸಿದರೂ, ತಾನು ನಿಲ್ಲುವ ತನಕ ಬಿಡುವುದಿಲ್ಲ. ಇದು ನನಗೆ ಚೆನ್ನಾಗಿ ಗೊತ್ತಿತ್ತು. ಗೊತ್ತಿದ್ದೂ ಒಂದು ಸಲ ನಿಲ್ಲಿಸಿ ಮತ್ತೆ ಚಾಲೂ ಮಾಡಿ ನೋಡುವ ವ್ಯವಧಾನ ತೋರಲಿಲ್ಲ. ಆಮೇಲೊಂದು ಬೆಳಿಗ್ಗೆ ಕರೆಂಟು ಹೋಗಿ ಬಂತು. ಸರ್ವರ್ ಮೇಲೇಳಲಿಲ್ಲ. ಹಳೆಯ ಫೈಲೇ ಬೇಕು, ಹೊಸದು ಒಗ್ಗುವುದಿಲ್ಲ ಎಂದು ಹಟ ಹಿಡಿದು ಕೂತಿತು.

ಗುರುಬಸಣ್ಣ ಫೋನ್ ಮಾಡಿದರು. ಬಸ್ಸು ಹಿಡಿದು ಹೋದರೆ ಅಂಗಡಿಯಲ್ಲಿ ಶಾಹೀನ್ ಎಂಬ ಹುಡುಗಿ ಕಾಯುತ್ತಿದ್ದಳು. ಅದೇ ಓಣಿಯ ಸ್ಕೂಟರ್ ಮೆಕ್ಯಾನಿಕ್ ಒಬ್ಬರ ಮಗಳು. ದಾವಣಗೆರೆಯ ಒಂದು ಕಾಲೇಜಿನಲ್ಲಿ ಯಾರೋ ಬಿಟ್ಟ ನರ್ಸಿಂಗ್ ಸೀಟು ಇವಳಿಗೆ ಬಂದಿತ್ತು. ಕಾಲೇಜಿನವರು ಇಮೇಲಿನಲ್ಲಿ ಕಳಿಸಿದ ಪತ್ರದ ಪ್ರಿಂಟನ್ನು ಮರುದಿನ ಬೆಳಿಗ್ಗೆ ತೋರಿಸಿ ಸೇರಬೇಕು, ಇಲ್ಲದಿದ್ದರೆ ಸೀಟು ಮುಂದಿನವರಿಗೆ. ಪತ್ರವೇನೋ ಕರೆಂಟು ಹೋಗುವ ಮುಂಚೆಯೇ ಬಂದು ಯಂತ್ರದೊಳಗೆ ಕೂತಿತ್ತು. ಹೊರಗೆ ತೆಗೆಯುವ ದಾರಿ ಇರಲಿಲ್ಲ. ಕಾಲೇಜಿಗೆ ಫೋನ್ ಮಾಡಿದರೆ ಯಾರೂ ಎತ್ತಲಿಲ್ಲ. ದಾವಣಗೆರೆಗೆ ಇದ್ದದ್ದು ಸಂಜೆ ಐದರ ಬಸ್ಸೊಂದೇ.

'ನಮ್ಮ ಅಬ್ಬಾ ಇದೇ ಕೊನೇ ಸಲ ಅಂದಿದಾರೆ ಸಾರ್. ಇನ್ನೊಂದು ಸಲ ಅರ್ಜಿ ಹಾಕೋಕೆ ಬಿಡಲ್ಲ' ಎಂದಳು.

ತಪ್ಪು ನನ್ನದು. ಆದರೆ ಕೂಗಾಡಿದ್ದು ಅವಳ ಮೇಲೆ. 'ಇಷ್ಟು ಮುಖ್ಯವಾದ ಪತ್ರ, ಬೆಳಿಗ್ಗೆನೇ ಬಂದು ತಗೊಳ್ಳೋಕೆ ಏನಾಗಿತ್ತು ನಿಂಗೆ? ಕೊನೇ ಗಳಿಗೇಲಿ ಬಂದು ನನ್ನ ತಲೆ ತಿಂತೀಯ!' ಎಂದುಬಿಟ್ಟೆ. ಅವಳು ತಲೆ ತಗ್ಗಿಸಿ ಮೂಲೆಯ ಸ್ಟೂಲಿನ ಮೇಲೆ ಕೂತಳು.

ನೇಯ್ದ ಸೀರೆ ಕೊಡಲು ಬಂದಿದ್ದ ತಿಪ್ಪಮ್ಮ ಎಂಬ ಹೆಂಗಸು ಇದನ್ನೆಲ್ಲ ನೋಡುತ್ತಿದ್ದರು. 'ಏಮೈಂದಿ ನಾಯನಾ?' ಎಂದು ತೆಲುಗಿನಲ್ಲೇ ಏನಾಯಿತೆಂದು ಕೇಳಿದರು. ಉಗುಳಿದ ಹಾಗೆ ಎರಡು ಮಾತಿನಲ್ಲಿ ಹೇಳಿದೆ. ಕೆನ್ನೆಯ ಮೇಲೆ ಕೈಯಿಟ್ಟುಕೊಂಡರು.

'ಅಯ್ಯೋ, ಹಳೇದು ಪೂರಾ ತೆಗೆದು ಬಿಸಾಕಿದ್ಯಾ? ಮಗ್ಗದಾಗೆ ನಾವು ಹಂಗೆ ಮಾಡಲ್ಲಪ್ಪ. ಸೀರೆ ಕೊಯ್ದ ಮೇಲೂ ಹಳೇ ಹಾಸಿನ ಉದ್ದೆಳೆ ಒಂದು ಗೇಣು ಬಿಟ್ಟಿರ್ತೀವಿ. ಅದರ ತುದಿಗೇ ಹೊಸ ಎಳೆ ಒಂದೊಂದೇ ಹೊಸೀಬೇಕು. ಹಳೇದು ಕಿತ್ತು ಹಾಕಿದ್ರೆ ಮಗ್ಗನೇ ನಿಂತೋಗ್ತೈತೆ.'

'ಇದು ಮಗ್ಗ ಅಲ್ಲ ತಿಪ್ಪಮ್ಮ, ಸುಮ್ನಿರಿ' ಎಂದು ಸಿಡುಕಿದೆ. ಅವರು ಹೇಳಿದ್ದು ನೂರಕ್ಕೆ ನೂರು ಸರಿಯಾಗಿತ್ತು. ಮೈಯೆಲ್ಲ ಉರಿದದ್ದು ಅದಕ್ಕೇ.

ಹಳೆಯ ಫೈಲು ಇದ್ದ ಸಿ.ಡಿ. ಚಳ್ಳಕೆರೆಯ ನನ್ನ ರೂಮಿನಲ್ಲಿತ್ತು. ಬರುವಾಗ ಬ್ಯಾಗಿಗೆ ಹಾಕಿಕೊಂಡಿದ್ದರೆ ಮುಗಿದೇಹೋಗುತ್ತಿತ್ತು. ಕೈಯಾರೆ ಮಾಡಿಕೊಂಡದ್ದು, ಯಾರನ್ನು ಬೈಯಲಿ? ಮತ್ತೆ ಬಸ್ಸು ಹಿಡಿದು ಚಳ್ಳಕೆರೆಗೆ ಹೋಗಿ, ಸಿ.ಡಿ. ತೆಗೆದುಕೊಂಡು, ಊಟವನ್ನೂ ಮಾಡದೆ ಸಿಕ್ಕಿದ ಬಸ್ಸು ಹತ್ತಿದೆ. ತಳಕು ದಾಟುತ್ತಿದ್ದಂತೆ ಟೈರು ಪಂಚರಾಯಿತು.

'ಸ್ಟೆಪ್ನಿ ಹಾಕ್ರೀ ಬೇಗ' ಎಂದೆ.

'ಸ್ಟೆಪ್ನಿನೂ ಪಂಚರ್ ಐತೆ ಸಾರ್' ಎಂದ ಕಂಡಕ್ಟರ್, ಊಟ ಆಯಿತು ಎಂದು ಹೇಳುವಷ್ಟು ಸಲೀಸಾಗಿ.

ಗಡಿಯಾರ ನೋಡಿಕೊಂಡೆ, ಮೂರೂವರೆ. ರಸ್ತೆ ಬದಿಯ ಮೋರಿ ಕಟ್ಟೆಯ ಮೇಲೆ ಬಿಸಿಲಿನಲ್ಲಿ ಕೂತೆ. ಲಾರಿಗಳಿಗೆ ಕೈ ತೋರಿಸಿದೆ, ಒಂದೂ ನಿಲ್ಲಲಿಲ್ಲ. ಹಿಂದಿನಿಂದ ಇನ್ನೊಂದು ಬಸ್ಸು ಬಂದು, ಅದರಲ್ಲಿ ನಿಂತುಕೊಂಡೇ ಮೊಳಕಾಲ್ಮೂರು ಮುಟ್ಟಿದಾಗ ಐದೂಕಾಲು. ದಾವಣಗೆರೆ ಬಸ್ಸು ಹೋಗಿಯಾಗಿತ್ತು. ಆ ಹುಡುಗಿಯ ಮುಖ ಹೇಗೆ ನೋಡಲಿ ಎಂದುಕೊಳ್ಳುತ್ತಲೇ ಅಂಗಡಿ ಮೆಟ್ಟಿಲು ಹತ್ತಿದೆ.

ಗುರುಬಸಣ್ಣ ನಗುತ್ತಾ ಎದ್ದು ನಿಂತರು. 'ಯಾಕ್ ಸಾರ್, ಏನಾದ್ರೂ ಬಿಟ್ಟು ಹೋಗಿದ್ರಾ?'

'ಶಾಹೀನ್ ಎಲ್ಲಿ?'

'ಆಗ್ಲೇ ಬಸ್ ಹತ್ತಿದ್ಲಲ್ರೀ. ನೀವೇ ಪ್ರಿಂಟ್ ತೆಗೆದು ಕೊಟ್ರಲ್ಲ.'

ತಮಾಷೆ ಮಾಡುತ್ತಿದ್ದಾರೆ ಎಂದುಕೊಂಡೆ. ಅವರು ಮಾಡುತ್ತಿರಲಿಲ್ಲ. ಮೂರೂವರೆಗೆ ನಾನು ಬಂದೆನಂತೆ. ಟೀ ತರಿಸಲಾ ಎಂದರೆ ಬೇಡ ಎಂದೆನಂತೆ. ಹಿಂದಿನ ಕೋಣೆಗೆ ಹೋಗಿ ಹತ್ತು ನಿಮಿಷ ಕೂತು, ಹುಡುಗಿಯ ಕೈಗೆ ಕಾಗದ ಕೊಟ್ಟು ಹೊರಟೆನಂತೆ.

ಓಡಿಹೋಗಿ ಯಂತ್ರದ ಮುಂದೆ ಕೂತೆ. ಸರ್ವರ್ ಓಡುತ್ತಿತ್ತು. ನಾನು ಅಳಿಸಿದ್ದ ಹಳೆಯ ಫೈಲು ಹೊಸದರ ಪಕ್ಕದಲ್ಲೇ ಇತ್ತು. ಮೂರೂವರೆಗೆ ನನ್ನ ಹೆಸರಿನಲ್ಲಿ, ಅದೇ ಕೀಬೋರ್ಡಿನಿಂದ ಯಾರೋ ಒಳಗೆ ಬಂದದ್ದು ದಾಖಲಾಗಿತ್ತು. ಪಾಸ್‌ವರ್ಡ್ ನಾನು ಯಾರಿಗೂ ಹೇಳಿದವನಲ್ಲ. ಹಳೆಯ ಫೈಲು ಊರಲ್ಲಿ ಬೇರೆಲ್ಲೂ ಇರಲಿಲ್ಲ. ಬ್ಯಾಗಿನಿಂದ ಸಿ.ಡಿ. ತೆಗೆದು ಹೋಲಿಸಿದೆ. ಒಂದಕ್ಷರವೂ ವ್ಯತ್ಯಾಸವಿಲ್ಲ. ನನಗೆ ಅಣ್ಣತಮ್ಮಂದಿರಿಲ್ಲ, ನನ್ನನ್ನೇ ಹೋಲುವವನು ಆ ಕಡೆ ಇದ್ದಾನೆಂದು ಯಾರೂ ಹೇಳಿದ್ದಿಲ್ಲ.

'ನಾನು ತಳಕಿನಲ್ಲಿದ್ದೆ ಕಣ್ರೀ! ನೋಡ್ರಿ ಟಿಕೆಟ್ಟು!' ಎಂದು ಕೂಗಿದೆ.

'ಬಿಸಿಲು ನೆತ್ತಿಗೆ ಏರೈತೆ ನಿಮಗೆ. ಮಜ್ಜಿಗೆ ಕುಡೀರಿ' ಎಂದರು ಗುರುಬಸಣ್ಣ. ಮಾಡಿಲ್ಲದ ಕೆಲಸಕ್ಕೆ ಬೈಸಿಕೊಳ್ಳುವುದು ಗೊತ್ತಿತ್ತು. ಮಾಡಿಲ್ಲದ ಕೆಲಸಕ್ಕೆ ಹೊಗಳಿಸಿಕೊಳ್ಳುವುದು ಅದಕ್ಕಿಂತ ಹಿಂಸೆ. ಎಷ್ಟು ಹೇಳಿದರೂ ಓಣಿಯವರು ನಕ್ಕರು. ನಾನು ದೊಡ್ಡಸ್ತಿಕೆ ಬೇಡವೆಂದು ಹಾಗೆ ಹೇಳುತ್ತೇನೆಂದು ತಿಳಿದವರೂ ಇದ್ದರು.

ಇನ್ನೂ ಅಲ್ಲೇ ಕೂತಿದ್ದ ತಿಪ್ಪಮ್ಮ ಮಾತ್ರ ನನ್ನನ್ನು ಮೇಲಿಂದ ಕೆಳಗೆ ನೋಡಿದರು. 'ಆಯಪ್ಪ ನೀನಲ್ಲ ಬಿಡು' ಎಂದರು.

'ಹೆಂಗೆ ಹೇಳ್ತೀರಿ?'

'ಆಯಪ್ಪ ಯಾರ್ನೂ ಬೈಲಿಲ್ಲ.'

ಗುರುಬಸಣ್ಣ ಹೊಟ್ಟೆ ಹಿಡಿದುಕೊಂಡು ನಕ್ಕರು. ನನಗೆ ನಗು ಬರಲಿಲ್ಲ. ಆಮೇಲೆ ಎಷ್ಟೋ ದಿನ ಆ ಯಂತ್ರವನ್ನು ಬಿಚ್ಚಿ, ಜಾಲಾಡಿ, ತಲೆ ಚಚ್ಚಿಕೊಂಡೆ. ಏನೂ ಸಿಗಲಿಲ್ಲ. ಕೊನೆಗೆ ಅದನ್ನು ಗುಜರಿಗೆ ಹಾಕಿದಾಗಲೂ ಸಿಟ್ಟು ಇಳಿಯಲಿಲ್ಲ.

ಕೆಲವು ವರ್ಷಗಳ ನಂತರ ಅವ್ವನನ್ನು ಚಳ್ಳಕೆರೆಯ ಒಂದು ಆಸ್ಪತ್ರೆಗೆ ಕರೆದುಕೊಂಡು ಹೋಗಿದ್ದೆ. ಬಿಳಿ ಕೋಟಿನ ನರ್ಸೊಬ್ಬಳು ಬಂದು, 'ಸಾರ್, ಗುರುತು ಸಿಕ್ತಾ? ನಾನು ಶಾಹೀನ್' ಎಂದಳು. ಅವ್ವನ ತೋಳಿಗೆ ಬಿ.ಪಿ. ಪಟ್ಟಿ ಕಟ್ಟುತ್ತಾ ಮಾತಾಡಿದಳು.

'ಅವತ್ತು ಪ್ರಿಂಟ್ ಸಿಕ್ಕಿದ್ರೂ ಹೋಗೋದೇ ಬೇಡ ಅಂದ್ಕೊಂಡಿದ್ದೆ ಸಾರ್. ಮೊದಲು ನೀವು ಬೈದಾಗ, ನನ್ನಂಥವಳಿಗೆ ಇದೆಲ್ಲ ಯಾಕೆ ಅನ್ನಿಸಿಬಿಟ್ಟಿತ್ತು. ಆಮೇಲೆ ಕಾಗದ ಕೊಡ್ತಾ ನೀವು, "ತಪ್ಪು ನಂದಮ್ಮ, ಸಿಟ್ಟು ನಿನ್ನ ಮೇಲೆ ತೋರಿಸಿದೆ, ಮನಸ್ಸಿಗೆ ಹಚ್ಕೋಬೇಡ" ಅಂದ್ರಲ್ಲ. ಆ ಮಾತಿಗೇ ಬಸ್ ಹತ್ತಿದ್ದು.'

'ಅದು ನಾನಲ್ಲಮ್ಮ' ಎಂದೆ. ಎಲ್ಲರ ಹಾಗೆ ಅವಳೂ ನಕ್ಕಳು.

ಆ ಮಾತು ಅಕ್ಷರಕ್ಕಕ್ಷರ ನನ್ನದೇ. ತಳಕಿನ ಮೋರಿ ಕಟ್ಟೆಯ ಮೇಲೆ ಕೂತು ಅವಳಿಗೆ ಹೇಳಬೇಕೆಂದು ಮನಸ್ಸಿನಲ್ಲೇ ಜೋಡಿಸಿಕೊಂಡಿದ್ದೆ. ಒಬ್ಬರ ಮುಂದೂ ಬಾಯಿ ಬಿಟ್ಟಿರಲಿಲ್ಲ. ಬಸ್ಸು ಹತ್ತಿದ ಮೇಲೆ, ಚಿಕ್ಕ ಹುಡುಗಿಗೆ ಅಷ್ಟೆಲ್ಲ ಯಾಕೆ ಹೇಳಬೇಕು ಎಂದು ಬಿಟ್ಟೂಬಿಟ್ಟಿದ್ದೆ. ಫೈಲಿನ ವಿಷಯಕ್ಕೆ ಇವತ್ತಲ್ಲ ನಾಳೆ ಯಾರಾದರೂ ಕಾರಣ ಹೇಳಿಯಾರು. ಇದಕ್ಕೆ ಯಾರು ಹೇಳುತ್ತಾರೆ? ಶಾಹೀನ್ ಈಗಲೂ ಅದೇ ಆಸ್ಪತ್ರೆಯಲ್ಲಿದ್ದಾಳೆ. ತಪ್ಪಾಯಿತು ಎಂದು ನಾನು ಅವಳಿಗೆ ಇಂದಿಗೂ ಹೇಳಿಲ್ಲ. ಯಾವನೋ ನನಗಿಂತ ಮೊದಲೇ ಹೇಳಿಬಿಟ್ಟಿದ್ದಾನೆ, ನಾನು ಹೇಗೆ ಹೇಳಲಿ?