ಕಲ್ಲುಬೆಂಚಿನ ಮೇಲೆ ಒಂದು ಹೆಸರು

ನನ್ನ ಗಂಡ ಸ್ಟ್ಯಾನ್ಲಿ ತೀರಿಕೊಂಡು ಮೂರು ತಿಂಗಳಾಗಿತ್ತು. ಕುಮಾರಸ್ವಾಮಿ ಲೇಔಟಿನ ನಮ್ಮ ಪಾರ್ಕಿನಲ್ಲಿ ಅವರ ನೆನಪಿಗೆ ಒಂದು ಕಲ್ಲುಬೆಂಚು ಹಾಕಿಸಿ, ಹೆಸರು ಕೆತ್ತಿಸಬೇಕೆಂದು ಬಡಾವಣೆಯ ಸಂಘಕ್ಕೆ ಹೋದೆ. ಅಲ್ಲಿನ ಬೆಂಚುಗಳೆಲ್ಲ ಹೀಗೆ ತೀರಿಕೊಂಡವರ ಹೆಸರಿನವೇ.

ಕಾರ್ಯದರ್ಶಿ ಟಿ. ನಾಗರಾಜಪ್ಪ ಅರ್ಜಿ ಓದಿ ಕನ್ನಡಕ ತೆಗೆದರು. "ಬೆಂಚು ಹಾಕಿಸಿ ಮೇಡಂ, ಸಂತೋಷ. ಹೆಸರು ಮಾತ್ರ ಬೇಡ. ಯಾವ ದೇಶದೋರು ಇವರು ಅಂತ ಜನ ಕೇಳ್ತಾರೆ."

ಇಷ್ಟು ವರ್ಷ ಪಾಠ ಮಾಡಿದರೂ ನಾನು ತರಗತಿಯಲ್ಲಿ ದನಿ ಏರಿಸಿದವಳಲ್ಲ. ಅಂದು ಮೇಜು ಗುದ್ದಬೇಕೆನಿಸಿತು. ಕೈಗಳನ್ನು ಮಡಿಲಲ್ಲಿ ಬಿಗಿಹಿಡಿದು ಕೇಳಿದೆ: "ನಿಮ್ಮ ಹೆಸರಿನ ಮುಂದಿನ ಟಿ ಏನು ಸಾರ್?"

"ತಲಘಟ್ಟಪುರ. ನಮ್ಮ ತಾತನ ಊರು."

"ಸ್ಟ್ಯಾನ್ಲಿ ಅನ್ನೋದೂ ಊರೇ. ಕಾಡಿನ ನಡುವೆ ಬಯಲು ಮಾಡಿದ ಕಲ್ಲುನೆಲ ಅಂತ ಹಳೇ ಇಂಗ್ಲಿಷಿನಲ್ಲಿ ಅರ್ಥ. ಆ ಊರಿನೋರಿಗೆ ಅದು ಮನೆತನದ ಹೆಸರಾಯ್ತು, ಆಮೇಲೆ ಗಂಡುಮಕ್ಕಳಿಗೆ ಇಡೋ ಹೆಸರಾಯ್ತು. ಪಾರ್ಕಿನಲ್ಲಿರೋ ನಿಮ್ಮ ತಂದೆಯವರ ಬೆಂಚಿನ ಮೇಲೆ ಟಿ ಇರಬಹುದು, ಇದು ಇರಬಾರದಾ? ನಮ್ಮವರು ಹುಟ್ಟಿದ್ದು ಜಯನಗರದಲ್ಲಿ. ನಿಮ್ಮ ಮಗಳಿಗೆ ಲೆಕ್ಕ ಹೇಳಿಕೊಟ್ಟಿದ್ದು ಇದೇ ಪಾರ್ಕಿನಲ್ಲಿ."

ಅವರು ಪೆನ್ನಿನ ಮುಚ್ಚಳ ತೆಗೆದರು. ಅರ್ಜಿಗೆ ಸಹಿ ಹಾಕಿದರು, ತಪ್ಪಾಯ್ತು ಅನ್ನಲಿಲ್ಲ. ನನ್ನ ಸಿಟ್ಟು ಇವತ್ತಿಗೂ ಇಳಿದಿಲ್ಲ.

ಮರುವಾರ ಕಲ್ಲು ಕೆತ್ತುವವನು ಫೋನ್ ಮಾಡಿದ. "ಆಂಟಿ, ಎಲ್ಲರಿಗೂ ಇನಿಷಿಯಲ್ ಇದೆ. ಅಂಕಲ್‌ದು ಏನು ಹಾಕ್ಲಿ?"

"ಬೇಡಪ್ಪ," ಅಂದೆ. "ಅವರ ಊರು ಹೆಸರಿನ ಒಳಗೇ ಇದೆ."