ಜಾಗ ನೋಡಲು ಹೋದ ಕಕಾತೋಷ್

ಕಕಾತೋಷನಿಗೆ ಹಿಡಿಸಿದ ವಸ್ತು ಅಂತ ಒಂದಿರಲಿಲ್ಲ. ಕಾಡುಭತ್ತದ ಗಂಜಿ ತೆಳ್ಳಗಾಯಿತು ಎನ್ನುತ್ತಿದ್ದ. ಗಟ್ಟಿ ಮಾಡಿಕೊಟ್ಟರೆ ಗಂಟಲಿಗಿಳಿಯದು ಎನ್ನುತ್ತಿದ್ದ. ಪಾದ್ರಿ ದೀಕ್ಷಾಸ್ನಾನ ಮಾಡಿಸಿದಾಗ ತಲೆಗೆ ಹಾಕಿದ ನೀರು ತಣ್ಣಗಿತ್ತೆಂದು ಆ ಚಳಿಗಾಲವೆಲ್ಲ ಗೊಣಗಿದ್ದ. ಪಾಯ್ಗನ್ ಸರೋವರದ ದಡದಲ್ಲಿ ಅವನ ಗುಡಿಸಿಲಿಗೆ ಜನ ಬರುತ್ತಿದ್ದುದು ಹೆಂಡತಿ ರೋಸಲಿಯ ಮುಖ ನೋಡಿ.

೧೮೪೮ರ ಒಪ್ಪಂದದಲ್ಲಿ ಕಕಾತೋಷನ ಬುಡಕಟ್ಟಿನವರಾದ ಮೆನಾಮಿನಿಗಳ ಉಳಿದ ನೆಲವನ್ನೂ ಬರೆಸಿಕೊಂಡ ಅಮೆರಿಕದ ಸರ್ಕಾರ, ಬದಲಿಗೆ ಪಶ್ಚಿಮದ ಕ್ರೋ ವಿಂಗ್ ನದಿಯ ಬಳಿ ಜಾಗ ಕೊಡುತ್ತೇನೆಂದಿತ್ತು. ಮೊದಲು ಹೋಗಿ ನೋಡಿಬರೋಣ ಎಂದರು ಹಿರಿಯರು. ಯಾರು ಹೋಗಬೇಕೆಂಬ ಮಾತು ಬಂದಾಗ ರೋಸಲಿ ಎದ್ದಳು.

"ನಮ್ಮನೆಯವ್ರನ್ನ ಕರ್ಕೊಂಡೋಗಿ ಅಣ್ಣ. ಇವ್ರು ಒಪ್ಪೋ ಜಾಗ ದೇವ್ರು ಇನ್ನೂ ಮಾಡಿಲ್ಲ."

ಎಲ್ಲರೂ ನಕ್ಕರು. ನಗು ಮುಗಿದ ಮೇಲೆ ಹಿರಿಯರು ಮುಖ ಮುಖ ನೋಡಿಕೊಂಡರು. ಊರು ಬಿಡುವ ಮನಸ್ಸು ಯಾರಿಗೂ ಇರಲಿಲ್ಲ; ಮಾತಿನಲ್ಲಿ ಹುರುಳಿತ್ತು.

ದಾರಿಯುದ್ದಕ್ಕೂ ಕಕಾತೋಷ್ ಹೆಂಡತಿಯ ಮಾತು ಉಳಿಸಿದ. ಕ್ರೋ ವಿಂಗ್ ತಲುಪಿದ ಮೇಲಂತೂ ಅವನ ಬಾಯಿಗೆ ಬಿಡುವೇ ಇರಲಿಲ್ಲ. ಮಣ್ಣು ಮುಟ್ಟಿ ಬೂದಿ ಎಂದ, ನೀರು ಕುಡಿದು ಕೆಸರು ಎಂದ, ಅಲ್ಲಿನ ಸೊಳ್ಳೆಗೆ ಮರ್ಯಾದೆಯಿಲ್ಲ ಎಂದ. ದುಭಾಷಿ ಲೂಯಿ ಮೊದಮೊದಲು ಎಲ್ಲವನ್ನೂ ಜಾಗ ತೋರಿಸಲು ಬಂದಿದ್ದ ಸರ್ಕಾರದ ಸಾಹೇಬನಿಗೆ ಇಂಗ್ಲಿಷಿನಲ್ಲಿ ಹೇಳುತ್ತಿದ್ದ. ಬೇಸತ್ತು ಕೊನೆಗೆ ಬರೀ ತಲೆ ಅಲ್ಲಾಡಿಸತೊಡಗಿದ.

ಆಮೇಲೊಂದು ಸರೋವರ ಎದುರಾಯಿತು. ತಿಳಿನೀರು, ದಡದ ತುಂಬ ಪೈನ್ ಮರ. ಸಾಹೇಬ ಅಲ್ಲೇ ಮೀನು ಸುಡಿಸಿ ಕೊಟ್ಟ. ಕಕಾತೋಷ್ ತಿಂದ. ಗೊಣಗದೆ ಇನ್ನೊಂದು ತುಂಡಿಗೆ ಕೈ ಚಾಚಿದ. ಮೀನು ನಿಜಕ್ಕೂ ಚೆನ್ನಾಗಿತ್ತು. ಇವನೂ ಒಪ್ಪಿಬಿಟ್ಟನಲ್ಲ ಎಂದು ಜೊತೆಗೆ ಬಂದ ಹಿರಿಯರು ಗಾಬರಿಯಾದರು. ಸಾಹೇಬ ಹಿಗ್ಗಿ, ಹೇಗಿದೆ ಎಂದು ಲೂಯಿಯ ಕೈಲಿ ಕೇಳಿಸಿದ.

ಕಕಾತೋಷ್ ಮುಳ್ಳು ಉಗುಳಿ ಸುತ್ತ ಕಣ್ಣಾಡಿಸಿದ.

"ಇಷ್ಟು ಚೆನ್ನಾಗಿರೋದು ಯಾಕೆ ಖಾಲಿ ಬಿದ್ದಿದೆ ಲೂಯಿ?"

ಲೂಯಿ ಸಾಹೇಬನನ್ನು ಕೇಳಿ ಹೇಳಿದ: ಉತ್ತರಕ್ಕೆ ಒಜಿಬ್ವೆ ಬುಡಕಟ್ಟು, ದಕ್ಷಿಣಕ್ಕೆ ಡಕೋಟಾ ಬುಡಕಟ್ಟು, ಇಬ್ಬರ ಹೊಡೆದಾಟ ನಿಂತಿಲ್ಲ.

"ಹಂಗನ್ನು. ಅವರು ಹೊಡೆದಾಡೋವಾಗ ಮಧ್ಯೆ ಹಾಸೋಕೆ ನಾವೇನು ಚಾಪೆನಾ? ಸಾಹೇಬ್ರಿಗೆ ಇಷ್ಟ ಆಗಿದ್ರೆ ಅವ್ರೇ ಮನೆ ಕಟ್ಕೊಳ್ಲಿ."

ಈ ಸಲ ಲೂಯಿ ಒಂದಕ್ಷರ ಬಿಡದೆ ಹೇಳಿದ. ಹಿರಿಯರು ಎದ್ದು ಕಂಬಳಿ ಮಡಚಿದರು.

ಊರಿಗೆ ಬಂದು, ಆ ಜಾಗ ಬೇಡವೆಂದು ತಿಳಿಸಿದರು. ಸರ್ಕಾರ ಗದರಿತು, ಗಡುವು ಹಾಕಿತು, ಗಡುವು ಮುಂದೂಡಿತು. ಕೊನೆಗೆ ೧೮೫೪ರ ವಸಂತದಲ್ಲಿ, ಪಾಯ್ಗನ್ ಸರೋವರಕ್ಕೆ ಬಂದು ಸೇರುವ ವುಲ್ಫ್ ನದಿಯ ಜಲಪಾತದ ಬಳಿ, ಅದೇ ನದಿಯ ದಂಡೆಯಲ್ಲೇ ಉಳಿಯಬಹುದೆಂಬ ಹೊಸ ಒಪ್ಪಂದ ಸಿದ್ಧವಾಯಿತು. ಒಂದು ಕಾಲದ ನೆಲದ ಮುಂದೆ ಅದು ಅಂಗೈಯಷ್ಟು. ಆದರೂ ತಮ್ಮದೇ ನದಿ.

ಅವತ್ತು ಹಿರಿಯರು ಒಪ್ಪಂದಕ್ಕೆ ಸಹಿಯ ಗುರುತು ಹಾಕುವುದನ್ನು ನೋಡಲು ಕಕಾತೋಷ್ ಬರಲಿಲ್ಲ. ಜಲಪಾತದ ಕೆಳಗೆ ತನ್ನಷ್ಟೇ ಉದ್ದದ ಸ್ಟರ್ಜನ್ ಮೀನೊಂದನ್ನು ತಬ್ಬಿಕೊಂಡು ಸೊಂಟಮಟ್ಟದ ನೀರಲ್ಲಿ ಒದ್ದಾಡುತ್ತಿದ್ದ. ಒಪ್ಪಂದ ಓದುತ್ತಿದ್ದಾರೆ, ಬಿಟ್ಟು ಬಾ ಎಂದು ಯಾರೋ ಕೂಗಿದರು. ರೋಸಲಿ ಲಂಗ ಎತ್ತಿಕಟ್ಟಿ ತಾನೂ ನೀರಿಗಿಳಿದಳು.

"ಅಲ್ಲಿ ಅವರು ನೋಡ್ಕೋತಾರೆ. ನೀವು ಬಾಲ ಬಿಡ್ಬೇಡಿ!"

ಇಬ್ಬರೂ ಸೇರಿ ಅದನ್ನು ದಡಕ್ಕೆಳೆದರು. ಗುರುತು ಹಾಕಿ ಬಂದವರೆಲ್ಲ ಆ ಸಂಜೆ ಅದನ್ನೇ ಹಂಚಿ ತಿಂದರು.